ಮಿಕ್ಸರ್ ಕಾಕಾ

ನಗೆಹಾಡು ಹಾಡುವ ನಮ್ಮ ಜೋಡಿಯಲ್ಲಿ ಕಾಕಾ ಮಿಕ್ಸರ್, ನಾನು ಕುಕ್ಕರ್. ಮೇಲಿನ ಮನೆಯ ಧಾರವಾಡದ ಕಾಕಾ ಗುರ್ರೆಂದರೆ ನಾನು ಸೀಟಿ ಹೊಡೆಯುತ್ತಿದ್ದೆ. ನನ್ನ ಹಲ್ಲಿನ ಸಂದಿಗೆ ಅದೊಂದೇ ಉಪಯೋಗ. ಅಡುಗೆಮನೆಯಲ್ಲಿ ಮಿಕ್ಸರೂ ಕುಕ್ಕರೂ ಜಗಳವಾಡುವ ನಮ್ಮ ಆ ಹಾಡು ಒಂದು ಮಳೆಗಾಲವಿಡೀ ಪುಣೆಯ ಕನ್ನಡಿಗರ ಫೋನುಗಳಲ್ಲೆಲ್ಲ ಕೇಳಿಸಿತು. ಪ್ರತಿ ಕಾರ್ಯಕ್ರಮಕ್ಕೂ ಮುನ್ನ ಕಾಕಾ ಅಂಗಿಯ ಮೇಲಿನ ಗುಂಡಿ ಹಾಕಿಕೊಂಡು, "ಇವತ್ತರ ಒಂದ್ ಖರೇ ಹಾಡು ಹಾಡೂಣೇನೋ ತಮ್ಮಾ?" ಎನ್ನುತ್ತಿದ್ದರು.

"ಮಿಕ್ಸರಿಗೆ ಯಾಕ್ರೀ ಸಂಗೀತ?" ಎಂದು ನಾನು ಕಾಡುತ್ತಿದ್ದೆ.

ಮಗರಪಟ್ಟಾ ಬಡಾವಣೆಯಲ್ಲಿ ಕೂಸನ್ನು ತೊಟ್ಟಿಲಿಗೆ ಹಾಕುವ ಕಾರ್ಯಕ್ರಮಕ್ಕೆ ನಮ್ಮನ್ನು ಕರೆದಿದ್ದರು. ಕಾಕಾ ಯಾರನ್ನೂ ಕೇಳದೆ ಜೋಗುಳ ಶುರುಮಾಡಿದರು. ನಗಿಸುವ ಸಾಲು ಈಗ ಬಂದೀತೆಂದು ಜನ ಕಾದರು. ಅಳುತ್ತಿದ್ದ ಕೂಸು ಮಾತ್ರ ನಿದ್ದೆಹೋಯಿತು.

"ಕಾಕಾ, ಮಿಕ್ಸರ್ ಚಾಲೂ ಕರಾ!" ಎಂದು ಹಿಂದಿನಿಂದ ಯಾರೋ ಮರಾಠಿಯಲ್ಲಿ ಕೂಗಿದರು.

"ಹೌದ್ರಿ, ಅದಕ್ಕs ನಿಮ್ಮನ್ನ ಕರಸೀವಿ," ಎಂದರು ಕೂಸಿನ ಅಜ್ಜ.

ಕಾಕಾ ಒಮ್ಮೆ ತೊಟ್ಟಿಲ ಕಡೆ ನೋಡಿ, ಜೋಗುಳ ನಿಲ್ಲಿಸಿ, ಗುರ್ರೆಂದರು. ಕೂಸು ಬೆಚ್ಚಿ ಕಿರುಚಿತು. ಕುಕ್ಕರಿಗಿಂತ ಇದರ ಸೀಟಿಯೇ ಚೆನ್ನಾಗಿದೆ ಎಂದು ಎಲ್ಲರೂ ಬಿದ್ದುಬಿದ್ದು ನಕ್ಕರು.

ಸ್ಕೂಟರಿನಲ್ಲಿ ನನ್ನ ಹಿಂದೆ ಕೂತ ಕಾಕಾ ಅಂಗಿಯ ಮೇಲಿನ ಗುಂಡಿ ಬಿಚ್ಚಿಕೊಂಡರು. ಇಳಿಯುವಾಗ, "ಪಾಪ, ನಿದ್ದಿ ಹತ್ತಿತ್ತಲ್ಲೋ ಅದಕ್ಕ," ಎಂದರು. ಮತ್ತೆಂದೂ ಅವರು ಎಲ್ಲಿಯೂ ಹಾಡಲಿಲ್ಲ.

ಜನ ಕೇಳಿದರೆ ಈಗಲೂ ಅವರ ಗುರ್ರನ್ನು ಮಾಡಿ ತೋರಿಸುತ್ತೇನೆ. ಆ ಜೋಗುಳದ ದನಿ ಮಾತ್ರ ಎಷ್ಟು ಯತ್ನಿಸಿದರೂ ನನ್ನ ಗಂಟಲಿಗೆ ಬರುವುದಿಲ್ಲ.