ಮುಖ ತೋರಿಸಿ ಸತ್ತ ತೊಕುಜಿ

ಎರಡನೇ ಮಹಾಯುದ್ಧ ಮುಗಿದು ಕೆಲವು ವರ್ಷಗಳಾದ ಮೇಲಿನಿಂದ ಕ್ಯೋಟೋದ ಸಿನಿಮಾ ಸ್ಟುಡಿಯೋದಲ್ಲಿ ಕುರಹಾಶಿ ತೊಕುಜಿಯ ಕೆಲಸ ನಾಯಕನ ಕತ್ತಿಗೆ ಸಾಯುವುದು. ಸಾಯುವವನು ಕ್ಯಾಮೆರಾಕ್ಕೆ ಬೆನ್ನು ಕೊಟ್ಟೇ ಬೀಳಬೇಕು. ದುಡಿಸಿಕೊಂಡು ಮುಖವನ್ನೂ ಕಸಿಯುವ ಆ ಕಟ್ಟಳೆಗೆ ಧಿಕ್ಕಾರ!

ತಾಯಿಗೆ ಕಣ್ಣು ಮಂಜಾಗುತ್ತಿತ್ತು. ಪೂರ್ತಿ ಹೋಗುವ ಮೊದಲು ಮಗನನ್ನೊಮ್ಮೆ ತೆರೆಯ ಮೇಲೆ ನೋಡಬೇಕೆಂದು ಹಟ ಹಿಡಿದಿದ್ದಳು. ಅದು ನಾಯಕನಟ ಶಿನೋಮಿಯನ ಕಿವಿಗೂ ಬಿತ್ತು.

ಮುಂದಿನ ಚಿತ್ರೀಕರಣದಲ್ಲಿ ಶಿನೋಮಿಯ ಬೇಕೆಂದೇ ಇನ್ನೊಂದು ಬದಿಗೆ ಸರಿದು ಕತ್ತಿ ಬೀಸಿದ. ಏಟಿಗೆ ತಕ್ಕಂತೆ ಹೊರಳಿದ ತೊಕುಜಿ ಕ್ಯಾಮೆರಾದತ್ತ ಮುಖ ಮಾಡಿ ಬಿದ್ದ.

"ಲೇ, ಮುಖ ಯಾಕೋ ತೋರಿಸ್ದೆ?" ನಿರ್ದೇಶಕ ಕೂಗಿದ.

"ತಪ್ಪು ನಂದು ಸಾರ್. ಆದ್ರೆ ಇಷ್ಟು ಚೆನ್ನಾಗಿ ಇನ್ನೊಂದ್ಸಲ ಕಡಿಯೋಕೆ ನನ್ನಿಂದಾಗಲ್ಲ," ಎಂದ ಶಿನೋಮಿಯ. ದೃಶ್ಯ ಉಳಿಯಿತು.

ಚಿತ್ರಮಂದಿರದಲ್ಲಿ ತಾಯಿ ಎದ್ದು ನಿಂತು ತೆರೆಯನ್ನೇ ಗದರಿದಳು: "ತೊಕು, ಎಷ್ಟು ಸೊರಗಿದೀಯೋ! ಹೊಟ್ಟೆಗೆ ತಿಂತೀಯೋ ಇಲ್ವೋ?"

ಪಕ್ಕದಲ್ಲೇ ಕೂತಿದ್ದ ತೊಕುಜಿ ಶಿನೋಮಿಯನನ್ನು ನೆನೆದು ಕತ್ತಲಲ್ಲೇ ತಲೆಬಾಗಿದ.