ಕೂಡಿದರೆ ಏಳು, ಗುಣಿಸಿದರೆ ಮೂರು

ನಿವೃತ್ತಿಗೆ ಎರಡು ವರ್ಷ ಬಾಕಿ ಇದ್ದಾಗ ನಾನು ಹುಬ್ಬಳ್ಳಿಯ ಬೆಂಗೇರಿ ಕಡೆಯ ಒಂದು ಪ್ರೌಢಶಾಲೆಯಲ್ಲಿ ಗಣಿತ ಶಿಕ್ಷಕನಾಗಿದ್ದೆ. ಎಸ್ಸೆಸ್ಸೆಲ್ಸಿಯಲ್ಲಿ ಗಣಿತವೊಂದೇ ಉಳಿದವರಿಗೆ ಶಾಲೆ ಬಿಟ್ಟ ಮೇಲೆ ಒಂದು ತಾಸು ಪಾಠ ಮಾಡುತ್ತಿದ್ದೆ. ಅಲ್ಲಿಗೆ ಶಮೀಮ್ ಬರುತ್ತಿದ್ದಳು. ವಯಸ್ಸು ಮೂವತ್ತನಾಲ್ಕು, ಕೆಲಸ ಬ್ಲೌಸ್ ಹೊಲಿಯುವುದು. ಅವಳ ಓಣಿಯ ಅಂಗನವಾಡಿಯಲ್ಲಿ ಸಹಾಯಕಿಯ ಹುದ್ದೆ ಖಾಲಿಯಾಗಿತ್ತು. ಹತ್ತನೇ ತರಗತಿ ಪಾಸಾಗಿರಬೇಕು, ಮೂವತ್ತೈದು ದಾಟಿರಬಾರದು. ಅವಳಿಗೆ ಉಳಿದಿದ್ದದ್ದು ಒಂದೇ ಪರೀಕ್ಷೆ.

ಅಪವರ್ತನ ಅವಳ ತಲೆಗೆ ಹತ್ತುತ್ತಿರಲಿಲ್ಲ. x² + 7x + 12 ಅನ್ನು ಎರಡು ಆವರಣಗಳ ಗುಣಲಬ್ಧವಾಗಿ ಬರೆಯಬೇಕು. ಅದಕ್ಕೆ ನಡುವಿನ ಏಳನ್ನು ಎರಡಾಗಿ ಒಡೆಯಬೇಕು.

"ಹರದ ಅರಿವಿ ಜೋಡಸೂದು ಗೊತ್ತೈತ್ರಿ ಸರ್. ಛಲೋ ಇದ್ದದ್ದನ್ನ ಯಾಕ ಹರೀಬೇಕ್ರಿ?"

ತರಗತಿ ನಕ್ಕಿತು. ವರ್ಷಗಳಿಂದ ಎಲ್ಲರಿಗೂ ಬಾಯಿಪಾಠ ಮಾಡಿಸುತ್ತಿದ್ದ ನನ್ನದೇ ಸಾಲನ್ನು ಅವಳಿಗೂ ಕೊಟ್ಟೆ: "ಕೂಡಿದ್ರ ನಡುವಿಂದು, ಗುಣಿಸಿದ್ರ ಕಡೀದು." ಕೂಡಿದರೆ ಏಳು, ಗುಣಿಸಿದರೆ ಹನ್ನೆರಡು: ಮೂರು ಮತ್ತು ನಾಲ್ಕು. ಮರುದಿನವೇ ಬಂದು, "ನಿಮ್ಮ ಸಾಲು ಮಷಿನ್ ತುಳಿಯೂದಕ್ಕ ಸರಿಯಾಗಿ ಕೂಡ್ತೈತ್ರಿ" ಎಂದಳು.

x² ಮುಂದೆ ಬೇರೆ ಅಂಕಿ ಇದ್ದರೆ ಕಡೆಯದನ್ನು ಅದರಿಂದ ಗುಣಿಸಿಕೊಳ್ಳಬೇಕು. ಇದನ್ನೂ ಹೇಳಿದ್ದೆ. ಹೇಳಿದ್ದೆನೇ? ಹೇಳಿದ್ದೆ ಎಂದು ಇಷ್ಟು ಜನರಿಗೆ ಹೇಳಿದ್ದೇನೆಂದರೆ, ಈಗ ನನಗೇ ಗೊತ್ತಾಗುವುದಿಲ್ಲ.

ಗಣಿತ ಪರೀಕ್ಷೆಯ ದಿನ ಗಣಿತ ಶಿಕ್ಷಕರಿಗೆ ಕೊಠಡಿ ಮೇಲ್ವಿಚಾರಣೆ ಇರುವುದಿಲ್ಲ. ನಾನು ಕೇಂದ್ರದ ಹೊರಗೆ, ರಸ್ತೆಯಾಚೆಯ ಚಹಾ ಗಾಡಿಯ ಬಳಿ ನಿಂತಿದ್ದೆ. ಕಿಟಕಿಯಲ್ಲಿ ಶಮೀಮ್ ಕಂಡಳು. ಮಷಿನ್ ತುಳಿಯುವ ಲಯಕ್ಕೆ ತಲೆ ಆಡುತ್ತಿತ್ತು. ನನ್ನ ಸಾಲು! ಹೆಮ್ಮೆಯಾಯಿತು. ಎರಡನೇ ಚಹಾ ಮುಗಿದರೂ ತಲೆ ಆಡುತ್ತಲೇ ಇತ್ತು. ಪೆನ್ನು ಮಾತ್ರ ಏಳುತ್ತಿರಲಿಲ್ಲ. ಏನೋ ತಪ್ಪಿದೆ ಅನಿಸಿತು. ನಡುವೆ ಒಂದು ರಸ್ತೆ, ಒಂದು ಗೋಡೆ, ಒಂದು ನಿಯಮ. ನಿಂತೇ ಇದ್ದೆ.

ಹೊರಬಂದವಳೇ ಪ್ರಶ್ನೆಪತ್ರಿಕೆ ಹಿಡಿದಳು: 2x² + 7x + 3.

"ಕೂಡಿದ್ರ ಏಳು, ಗುಣಿಸಿದ್ರ ಮೂರು. ಅಂಥಾವು ಎಲ್ಲಿ ಅದಾವ್ರಿ ಸರ್? ಅರ್ಧಾ ತಾಸು ಹುಡಿಕೀನಿ. ಮುಂದಿನ ಲೆಕ್ಕ ಎಲ್ಲಾ ಹಂಗ ಉಳದ್ವು."

"ಮುಂದ ಎರಡು ಐತಲ್ಲವಾ ತಂಗಿ. ಎರಡು ಮೂರ್ಲೆ ಆರು. ಕೂಡಿದ್ರ ಏಳು, ಗುಣಿಸಿದ್ರ ಆರು. ಆರು, ಒಂದು."

ಅವಳು ಬೆರಳು ಮಡಚಿ ಲೆಕ್ಕ ನೋಡಿದಳು. ಆಮೇಲೆ ಮೆಲ್ಲಗೆ ಅಂದಳು:

"ಅದು ನಿಮ್ಮ ಸಾಲಿನ್ಯಾಗ ಇಲ್ಲಲ್ರಿ."

ಪಾಸಾಗಲು ಎರಡು ಅಂಕ ಕಡಿಮೆ ಬಿದ್ದವು. ನಾನು ಎರಡು ಎನ್ನುತ್ತೇನೆ, ಅವಳು ನಾಲ್ಕು ಎನ್ನುತ್ತಾಳೆ. ಆ ಲೆಕ್ಕಕ್ಕಿದ್ದದ್ದು ಎರಡೇ ಅಂಕ; ನನ್ನ ಭಾರ ಇಳಿಸಲು ಹಾಗೆನ್ನುತ್ತಾಳೇನೋ. ಮುಂದಿನ ಪರೀಕ್ಷೆಯಲ್ಲಿ ಪಾಸಾದಳು. ಅಷ್ಟರಲ್ಲಿ ಮೂವತ್ತೈದು ದಾಟಿತ್ತು, ಹುದ್ದೆ ಬೇರೆಯವರಿಗೆ ಹೋಗಿತ್ತು.

ಯಾವ ಸೂತ್ರವನ್ನೇ ಕೊಡಲಿ, ಅದು ಕೈಕೊಡುವ ಜಾಗವನ್ನು ಮೊದಲು ತೋರಿಸಬೇಕು. ವೃತ್ತಿ ಕಲಿಸಿದ ಪಾಠ ಇದು. ಆ ಸಾಲಿಗೆ ಇನ್ನೊಂದು ತುಂಡು ಜೋಡಿಸಲು ನೋಡಿದೆ. ಯಾರ ನಾಲಿಗೆಯಲ್ಲೂ ನಿಲ್ಲಲಿಲ್ಲ. ಕೊನೆಗೆ ಆ ಸಾಲನ್ನು ಹೇಳಿಕೊಡುವುದನ್ನೇ ಬಿಟ್ಟೆ. ಜೂನ್‌ನಲ್ಲಿ ಹೊಸ ಹತ್ತನೇ ತರಗತಿಗೆ ಹೋಗಿ ಬೋರ್ಡಿನ ಮೇಲೆ 2x² + 7x + 3 ಎಂದು ಬರೆದೆ. ತಿರುಗುವಷ್ಟರಲ್ಲಿ, ಅಕ್ಕ ಅಣ್ಣಂದಿರಿಂದ ಕಲಿತು ಬಂದಿದ್ದ ಇಡೀ ತರಗತಿ ಒಂದೇ ದನಿಯಲ್ಲಿ ಶುರುಮಾಡಿತ್ತು:

"ಕೂಡಿದ್ರ ನಡುವಿಂದು..."