ಬಾಯಿಗೆ ಬಾರದ ಹೆಸರು

ಮಾಳವ್ವ ಯಾರಿಗೂ ಸೊಪ್ಪು ಹಾಕುವ ಹೆಂಗಸಲ್ಲ. ಲಾಸಲಗಾಂವಿನ ಮಾರುಕಟ್ಟೆಯಲ್ಲಿ ಹದಿನಾರು ವರ್ಷ ಈರುಳ್ಳಿ ಆರಿಸಿದವಳು; ಕೂಲಿಗಳ ಮೇಲಿನ ಮುಕಾದಮ ಒಂದು ಬೈದರೆ ಎರಡು ತಿರುಗಿಸಿ ಕೊಡುತ್ತಿದ್ದಳು. ಆದರೆ 2013ರ ಆ ಸೋಮವಾರ, ಅಂದಿನ ಔರಂಗಾಬಾದಿನ ಕೋರ್ಟಿನ ಮೆಟ್ಟಿಲಲ್ಲಿ ಅವಳು ಮೇಲೆ ಹತ್ತಲಾರದೆ ನಿಂತುಬಿಟ್ಟಿದ್ದಳು. ಅವಳು ಹೆದರಿದ್ದು ಒಂದು ಹೆಸರಿಗೆ, ತೀರಿಹೋದ ಗಂಡನ ಹೆಸರಿಗೆ.

ಅವಳು ಹೇಳುವುದಿಲ್ಲ, ನಾನೇ ಹೇಳಿಬಿಡುತ್ತೇನೆ: ಸಾಯಬಣ್ಣ. ಹಮಾಲಿ ಮಾಡುತ್ತಿದ್ದ. ಎರಡು ವರ್ಷದ ಹಿಂದೆ ಈರುಳ್ಳಿ ಲಾರಿಯ ಜೊತೆ ಹೋದವನು ವೇರೂಳದ, ಅಂದರೆ ಎಲ್ಲೋರಾದ, ಹತ್ತಿರ ಸಡಿಲಾದ ಹಗ್ಗ ಬಿಗಿಯಲು ಕೆಳಗಿಳಿದ. ಹಿಂದಿನಿಂದ ಬಂದ ಇನ್ನೊಂದು ಲಾರಿ ಅವನನ್ನು ಉಳಿಸಲಿಲ್ಲ.

ಪರಿಹಾರಕ್ಕೆ ಅರ್ಜಿ ಹಾಕಿದ್ದಾಯಿತು. ಪ್ರತಿ ತಾರೀಖಿಗೂ ಮಗಳು ವಂದನಾ ಜೊತೆಗೆ ಬರುತ್ತಿದ್ದಳು. ಯಾರು ಕೇಳಿದರೂ ಅಪ್ಪನ ಹೆಸರು ಹೇಳುವ ಕೆಲಸ ಅವಳದು. ಒಂದು ತಾರೀಖು ಮಾತ್ರ ಅವಳ ಹತ್ತನೆಯ ತರಗತಿಯ ಪರೀಕ್ಷೆಯ ದಿನವೇ ಬಿತ್ತು. ಮಾಳವ್ವ ಒಬ್ಬಳೇ ಹೋದಳು. ನೋಡಿದರೆ ಕೇಸು ಬೇರೆ ಕೋಣೆಗೆ ವರ್ಗವಾಗಿತ್ತು. ವಕೀಲೆ ನೀರಜಾ ಇನ್ನೊಂದು ಕೋರ್ಟಿನಲ್ಲಿ ಸಿಕ್ಕಿಬಿದ್ದಿದ್ದರು. ಕೋರ್ಟಿನ ಗುಮಾಸ್ತನಿಗೆ ತನ್ನ ಹೆಸರು ಹೇಳಿ ನೋಡಿದಳು. ಅವನ ಪಟ್ಟಿಯಲ್ಲಿದ್ದುದು ಸತ್ತವರ ಹೆಸರುಗಳು.

"ಸತ್ತವರ ಹೆಸರು ಹೇಳಿ ಅಮ್ಮಾ, ಕೋಣೆ ಹುಡುಕಿ ಕೊಡ್ತೀನಿ," ಎಂದ ಅವನು ಮರಾಠಿಯಲ್ಲಿ.

ಮಾಳವ್ವ ತಲೆ ತಗ್ಗಿಸಿದಳು. ಹೆಂಡತಿ ಗಂಡನ ಹೆಸರು ಹಿಡಿದರೆ ಅವನ ಆಯುಷ್ಯ ಕಡಿಮೆಯಾಗುತ್ತದೆ ಎಂದು ಗುಲಬರ್ಗಾ ಸೀಮೆಯ ಅವಳ ಹಳ್ಳಿ ಬುದ್ಧಿ ಹೇಳಿ ಕಳಿಸಿತ್ತು. ಸತ್ತವನ ಆಯುಷ್ಯ ಇನ್ನೆಷ್ಟು ಕಡಿಮೆಯಾದೀತು ಎಂದು ನೀವು ಕೇಳಬಹುದು. ಅವಳೆದುರು ಕೇಳಿ ನೋಡಿ, ಗೊತ್ತಾಗುತ್ತದೆ. ಗುಮಾಸ್ತ ಸಾಲಿನಲ್ಲಿ ಅವಳ ಹಿಂದಿದ್ದವರನ್ನು ಕರೆದ. ಅವಳು ಸಂಜೆಯವರೆಗೂ ಹಳೆಯ ಕೋಣೆಯ ಬಾಗಿಲಲ್ಲೇ ಕುಳಿತಿದ್ದಳು. ಅಷ್ಟರಲ್ಲಿ ಮೇಲಿನ ಮಹಡಿಯಲ್ಲಿ, ಅರ್ಜಿದಾರರು ಗೈರುಹಾಜರೆಂದು ಅರ್ಜಿ ವಜಾ ಆಗಿಹೋಗಿತ್ತು.

ಅದನ್ನು ಮತ್ತೆ ಜೀವಂತ ಮಾಡಿಸಲು ನೀರಜಾ ಇನ್ನೊಂದು ಅರ್ಜಿ ಹಾಕಿದ್ದರು. "ಇದೂ ಹೋದರೆ ಮುಗೀತು. ಏನು ಕೇಳಿದರೂ ನೀವೇ ಬಾಯಿಬಿಟ್ಟು ಹೇಳಬೇಕು, ಮಗಳು ಹೇಳೋ ಹಾಗಿಲ್ಲ," ಎಂದು ಎಚ್ಚರಿಸಿದ್ದರು. ಅರ್ಜಿ ಹೋದರೆ ವಂದನಾಳ ಓದೂ ಹೋಯಿತು. ನಾಳೆಯಿಂದ ಅವಳೂ ಈರುಳ್ಳಿ ರಾಶಿಯ ಮುಂದೆ ಕೂರಬೇಕು.

ಆ ಸೋಮವಾರ ಮಾಳವ್ವ ಕಟಕಟೆ ಹತ್ತಿದಳು.

"ಆ ದಿನ ಈಕೆ ಬಂದೇ ಇರಲಿಲ್ಲ ಸಾಹೇಬರೇ," ಎಂದ ಎದುರು ವಕೀಲ. "ಬಂದಿದ್ದರೆ ಗಂಡನ ಹೆಸರು ಹೇಳಲಿಕ್ಕೆ ಏನು ಕಷ್ಟವಿತ್ತು?"

ನ್ಯಾಯಾಧೀಶರು ಅವಳತ್ತ ತಿರುಗಿದರು. "ಈಗ ಹೇಳಿ. ಅವರ ಹೆಸರೇನು?"

ತಾನು ಹೇಳಲೆಂದು ವಂದನಾ ಎದ್ದಳು; ಕೋರ್ಟಿನ ಜವಾನ ಕೂರಿಸಿದ. ಆ ಹೆಸರನ್ನು ಮಾಳವ್ವ ಬಾಯಲ್ಲಿ ಆಡಿದ್ದು ಜೀವಮಾನದಲ್ಲಿ ಒಂದೇ ಸಲ. ಮದುವೆಯ ದಿನ ಹೊಸಿಲಲ್ಲಿ ಹೆಂಗಸರು ಅಡ್ಡಗಟ್ಟಿ ನಿಂತಾಗ, ಒಡಪಿನಲ್ಲಿ, ಪ್ರಾಸದ ಸಾಲಿನೊಳಗೆ, ಕಟ್ಟಿ ಹೇಳಿದ್ದಳು. ಬೇರೆ ದಾರಿ ಅವಳಿಗೆ ಗೊತ್ತಿರಲಿಲ್ಲ. ಸೆರಗು ತಲೆಯ ಮೇಲೆಳೆದುಕೊಂಡು ಕಣ್ಣು ಮುಚ್ಚಿದಳು.

"ಬಿಳಿಜ್ವಾಳದ ರೊಟ್ಟಿಗಿ ಬೆಣ್ಣಿ ಹಚ್ಚೀನಿ, ಸಾಯಬಣ್ಣನ ಹೆಸರ ಹೇಳೀನಿ, ಬಾಗಲಾ ಬಿಡ್ರಿ, ಒಳಗ ಬರತೀನಿ."

ವಂದನಾಳನ್ನು ಬಿಟ್ಟರೆ ಅಲ್ಲಿ ಕನ್ನಡ ಬಲ್ಲವರು ಯಾರೂ ಇರಲಿಲ್ಲ. ಆದರೆ ಮರಾಠಿ ಮದುಮಗಳೂ ಗಂಡನ ಹೆಸರನ್ನು ಹೀಗೆಯೇ ಕಟ್ಟಿ ಹೇಳುತ್ತಾಳೆ. ಆ ಧಾಟಿ ಎಲ್ಲರಿಗೂ ತಿಳಿಯಿತು. ಎದುರು ವಕೀಲ ಕಾಗದ ನೋಡತೊಡಗಿದ. ನ್ಯಾಯಾಧೀಶರು, "ಆ ದಿನ ಯಾಕೆ ಹೇಳಲಿಲ್ಲ ಅನ್ನೋದು ಗೊತ್ತಾಯಿತು. ಮೂಲ ಅರ್ಜಿ ಮತ್ತೆ ನಡೆಯಲಿ," ಎಂದರು.

ಲಾಸಲಗಾಂವಿಗೆ ಮರಳುವ ಬಸ್ಸಿನಲ್ಲಿ ಮಾಳವ್ವ ಮಗಳ ಪಕ್ಕ ಕುಳಿತಳು. ಏನೋ ಕೆಟ್ಟದ್ದು ಆಗಿಯೇ ಆಗುತ್ತದೆಂದು ಕಾಯುತ್ತಿದ್ದಳು. ದಾರಿಯ ಯೇವಲೆ ಊರೂ ದಾಟಿತು.

"ವಂದೀ, ನಾ ಅವರ ಹೆಸರು ಹೇಳೇಬಿಟ್ಟೆ. ಏನೂ ಆಗ್ಲಿಲ್ಲಲ್ಲೇ."

"ಏನಾಗಬೇಕಿತ್ತವ್ವಾ? ಅಪ್ಪ ಈಗ ಇಲ್ಲವೇ ಇಲ್ಲಲ್ಲ."

"ಹೌದಲ್ಲ," ಎಂದಳು ಮಾಳವ್ವ. ಆಮೇಲೆ, ಎರಡು ವರ್ಷದಲ್ಲಿ ಮೊದಲ ಸಲ, ತುಂಬಿದ ಬಸ್ಸಿನಲ್ಲಿ ದನಿ ತೆಗೆದು ಅತ್ತಳು.